ತ್ರಿಪುರಾಂಬ ಅವರ ಸುಲೋಚನೆ ಎಲ್ಲಿದ್ದಾಳೆ?

1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡ 'ಸತಿ ಸುಲೋಚನ' ಕನ್ನಡದ ಮೊದಲ ವಾಕ್ಚಿತ್ರ. ವೈ.ವಿ. ರಾವ್ ನಿರ್ದೇಶಿಸಿದ ಅದರಲ್ಲಿ ಸುಬ್ಬಯ್ಯ ನಾಯ್ಡು ಇಂದ್ರಜಿತ್, ಆರ್. ನಾಗೇಂದ್ರರಾಯರು ರಾವಣ, ಇಂದ್ರಜಿತ್‌ನ ಹೆಂಡತಿ ಸುಲೋಚನೆಯಾದವರು ತ್ರಿಪುರಾಂಬ. ಚಿತ್ರದ ಒಂದು ಪ್ರತಿಯೂ ಉಳಿದಿಲ್ಲ. ನಾಯ್ಡು, ರಾಯರ ಹೆಸರು ಇಂದಿಗೂ ಜನರ ಬಾಯಲ್ಲಿದೆ. ಕನ್ನಡದ ಮೊದಲ ನಾಯಕಿ ಚರಿತ್ರೆಯ ಪುಸ್ತಕದಲ್ಲಿ ಒಂದು ಸಾಲಾಗಿ ಉಳಿದರು. ಯಾರೂ ಇನ್ನು ನೋಡಲಾರದ ಅಭಿನಯ ಇದೆಯೆನ್ನಬೇಕೇ, ಇಲ್ಲವೆನ್ನಬೇಕೇ? ಕರ್ಮವನ್ನು ಒಪ್ಪುವ ನಮ್ಮ ದರ್ಶನಗಳು ತಮ್ಮೊಳಗೆ ಎಷ್ಟೇ ಜಗಳವಾಡಲಿ, ಕೃತನಾಶವನ್ನು, ಅಂದರೆ ಮಾಡಿದ ಕೆಲಸ ಫಲವಿಲ್ಲದೆ ಅಳಿಯುವುದನ್ನು, ದೋಷವೆಂದೇ ಎಣಿಸುತ್ತವೆ. ಕಲಾವಿದೆಯ ಕೆಲಸಕ್ಕೂ ಈ ನ್ಯಾಯ ಸಲ್ಲಬೇಕು ಎಂಬುದು ನನ್ನ ವಾದ.

ಕಡೂರು, ತರೀಕೆರೆ ಸೀಮೆಯ ಹಳೆಯ ಕಲ್ಲುಗಳಲ್ಲಿ ಇದಕ್ಕೆ ಸಾಕ್ಷಿಯುಂಟು. ಕಡೂರಿನ ಕ್ರಿ.ಶ. 971ರ ಕಂಬದ ಶಾಸನ ಗಂಗರ ಬೂತುಗನ ಅಕ್ಕ ಪಾಂಬಬ್ಬೆಯದು. ಜೈನ ಸನ್ಯಾಸಿನಿ ನಾಣಬ್ಬೆ ಕಂತಿಯರ ಶಿಷ್ಯೆಯಾದ ಆಕೆ ತಲೆಗೂದಲು ಕಿತ್ತು ಕೇಶಲೋಚ ಮಾಡಿಕೊಂಡು, ಮೂವತ್ತು ವರ್ಷ ತಪಸ್ಸು ಮಾಡಿ, ಪಂಚವ್ರತ ಪಾಲಿಸಿ ದೇಹ ಬಿಟ್ಟಳು. ಆ ಮೂವತ್ತು ವರ್ಷ ಆಕೆಯವು. ಕಂಬ ಬೇರೆಯವರು ನಿಲ್ಲಿಸಿದ್ದು. ಅದು ಎಂದೋ ಒಡೆದು ಯಾರದೋ ಮನೆಯ ಪಾಯಕ್ಕೆ ಸೇರಿದ್ದರೆ ತಪಸ್ಸು ಕಡಿಮೆಯಾಗುತ್ತಿತ್ತೇ? ಯಾವ ಜೈನರೂ ಹಾಗೆನ್ನಲಾರರು. ನಿರ್ಜರೆ, ಅಂದರೆ ಕರ್ಮ ಕಳಚುವುದು, ನಡೆಯುವುದು ಜೀವದಲ್ಲಿ, ಕಲ್ಲಿನಲ್ಲಲ್ಲ. ತರೀಕೆರೆ ಬಳಿಯ ಅಮೃತಾಪುರದಲ್ಲೂ ಅಷ್ಟೆ: ಅಲ್ಲಿನ 1196ರ ಗುಡಿಯಲ್ಲಿ ಶಾಸನಪದ್ಯಕ್ಕೆ ಜನ್ನನ ಹೆಸರಿದೆ, ಶಿಲ್ಪಕ್ಕೆ ಮಲ್ಲಿತಮ್ಮನ ಹೆಸರಿದೆ. ಹೆಸರು ಬಿಡದೆ ಹೋದವರು ಕಡೆದ ಕಲ್ಲೂ ಅದೇ ಗೋಡೆಯನ್ನು ಹೊತ್ತಿದೆ.

ತಪಸ್ಸಿಗೆ ನೋಡುಗರು ಬೇಡ, ಅಭಿನಯ ಅವರಿಲ್ಲದೆ ಆಗದು, ಆದ್ದರಿಂದ ಹೋಲಿಕೆ ಸಲ್ಲದು ಎನ್ನಬಹುದು. ಇದು ತೂಕದ ಆಕ್ಷೇಪ. ಆದರೆ ಕಾವ್ಯಮೀಮಾಂಸಕ ಅಭಿನವಗುಪ್ತನ ಪ್ರಕಾರ ರಸ ಇರುವುದು ಆಸ್ವಾದ ನಡೆಯುವಷ್ಟು ಹೊತ್ತು ಮಾತ್ರ. ಅದು ಕೂಡಿಟ್ಟುಕೊಳ್ಳುವ ವಸ್ತುವಲ್ಲ. ತೆರೆಯ ಮೇಲಿಂದ ಮೊದಲ ಸಲ ಕನ್ನಡ ಕೇಳಿದ ಜನರ ಎದೆಯಲ್ಲಿ ಸುಲೋಚನೆಯ ಶೋಕ ಕರುಣವಾಗಿ ತುಂಬಿದ್ದರೆ, ತ್ರಿಪುರಾಂಬ ಅವರ ಕೆಲಸ ಅಂದೇ ಸಿದ್ಧಿಸಿತು. ರೀಲು ಉಳಿಯುವುದಕ್ಕೂ ಯೋಗ್ಯತೆಗೂ ಸಂಬಂಧವಿಲ್ಲ. ಫ್ರಾನ್ಸಿನ ಜಾನ್ ದಾಲ್ಸಿ 1896ರಲ್ಲೇ ಚಿತ್ರನಿರ್ದೇಶಕ ಮೆಲಿಯೆಯ ಕ್ಯಾಮೆರಾ ಮುಂದೆ ಮಾಯವಾಗುವ ಹೆಂಗಸಾಗಿ ನಟಿಸಿದವರು. 1923ರಲ್ಲಿ ಮೆಲಿಯೆ ತನ್ನ ನೆಗೆಟಿವ್‌ಗಳನ್ನು ತಾನೇ ಸುಟ್ಟ. ಆದರೂ ಆ ಚಿತ್ರ ಉಳಿಯಿತು. ಉಳಿದದ್ದಕ್ಕೆ ಆಕೆ ಹೆಚ್ಚಿನವರಾಗಲಿಲ್ಲ, ಅಳಿದದ್ದಕ್ಕೆ ನಮ್ಮವರು ಕಡಿಮೆಯಾಗಲಿಲ್ಲ.

ಹಾಗಾದರೆ ಹಳೆಯ ಚಿತ್ರಗಳನ್ನು ಕಾಪಾಡುವುದೇಕೆ, ಇದು ನಮ್ಮ ಅಸಡ್ಡೆಗೆ ಒದಗಿದ ವೇದಾಂತವಲ್ಲವೇ ಎಂಬ ಪ್ರಶ್ನೆ ಇನ್ನೂ ಹರಿತವಾದದ್ದು. ಅಲ್ಲ. ಕೃತನಾಶವಿಲ್ಲವೆಂಬ ಮಾತು ಮಾಡಿದವರಿಗಷ್ಟೇ ಅಲ್ಲ, ಕೆಡಲು ಬಿಟ್ಟವರಿಗೂ ಅನ್ವಯಿಸುತ್ತದೆ. ಪಾಂಬಬ್ಬೆಗೆ ಕಂಬ ಬೇಕಿರಲಿಲ್ಲ. ಅದನ್ನು ನಿಲ್ಲಿಸುವುದು ಹಿಂದೆ ಉಳಿದವರ ಋಣವಾಗಿತ್ತು, ಅವರು ತೀರಿಸಿದರು. ನಾವು ತ್ರಿಪುರಾಂಬ ಅವರಿಗೆ ತೀರಿಸಿಲ್ಲ.