ನೀರೊಳಗಿನ ಅಳು

ನೀರಿನಡಿ ಕೂತು ಅತ್ತರೆ ಕಣ್ಣೀರು ಯಾರಿಗೂ ಕಾಣುವುದಿಲ್ಲ. ಕುಣಿಗಲ್ ದೊಡ್ಡಕೆರೆಯ ಏರಿಯ ಮೇಲೆ ನಿಂತಾಗಲೆಲ್ಲ ಈ ಯೋಚನೆ ನನ್ನನ್ನು ಹಿಡಿದು ನಿಲ್ಲಿಸುತ್ತದೆ. ಆ ಕೆರೆಯ ಮೇಲೆ ಜನಪದರು ಕಟ್ಟಿದ ಹಾಡನ್ನು ಕೇಳದ ಕನ್ನಡಿಗರು ಕಡಿಮೆ. ಹಾಡಿನ ಕಣ್ಣು ತುಂಬಿದ ನೀರಿನ ಚೆಲುವಿನ ಮೇಲೆ. ನನ್ನದು ತಳಕ್ಕೆ ಇಳಿಯುತ್ತದೆ. ಅಲ್ಲೊಂದು ಜನ ಇದ್ದಿದ್ದರೆ? ತೂಬಿನ ಕಲ್ಲಿನಾಚೆ, ಹೂಳಿನ ಮೇಲೆ ಮನೆ ಮಾಡಿಕೊಂಡು, ಹೆತ್ತು, ಸಾಕಿ, ತಮ್ಮವರನ್ನು ಕಳೆದುಕೊಂಡು ಬಾಳುವ ಜನ. ಒಂದು ಮನೆಯಲ್ಲಿ ಸಾವಾದರೆ ನೆರೆಯವರಿಗೆ ತಿಳಿಯುವುದು ಹೇಗೆ? ಕಣ್ಣೀರು ನೀರಿಗೆ ಸೇರಿ ಹೋಗುತ್ತದೆ. ಗೋಳಾಟ ಗುಳ್ಳೆಯಾಗಿ ಮೇಲೇರಿ ಒಡೆಯುತ್ತದೆ. ಹೇಳುವುದಿದ್ದರೆ ಮೈಯೇ ಹೇಳಬೇಕು. ತಾಯಿ ತೀರಿಕೊಂಡರೆ ಎದೆಯ ಹುರುಪೆಗಳು ಬಣ್ಣ ಬಿಡುತ್ತವೆ. ಮಗು ಹೋದರೆ ಹೊಟ್ಟೆಯ ಸುತ್ತ ಕಪ್ಪು ಪಟ್ಟೆಯೊಂದು ಮೂಡುತ್ತದೆ. ವರ್ಷ ಕಳೆದಂತೆ ಪಟ್ಟೆ ಮಾಸುತ್ತದೆ, ಪೂರ್ತಿ ಅಳಿಯುವುದಿಲ್ಲ. ಎದುರಾದವರು ಅದನ್ನು ಕಂಡು ಸುಮ್ಮನೆ ಸರಿದು ದಾರಿ ಬಿಡುತ್ತಾರೆ. ಏನಾಯ್ತು, ಹೇಗಾಯ್ತು ಎಂದು ಯಾರೂ ಕೆದಕುವುದಿಲ್ಲ.

ಅಂಥ ಜನ ಎಲ್ಲೂ ಇಲ್ಲ. ಆದರೆ ನೀರಿನಲ್ಲಿ ದುಃಖ ಇಲ್ಲವೆಂದು ಹೇಳಲಾರೆ. 2018ರಲ್ಲಿ ಅಮೆರಿಕ–ಕೆನಡಾದ ಪಶ್ಚಿಮ ಕರಾವಳಿಯಲ್ಲಿ ಓರ್ಕಾ ತಿಮಿಂಗಿಲವೊಂದು ಹುಟ್ಟಿದ ಸ್ವಲ್ಪ ಹೊತ್ತಿಗೇ ಸತ್ತ ತನ್ನ ಮರಿಯನ್ನು ಮುಳುಗಲು ಬಿಡದೆ, 17 ದಿನ ಮೂತಿಯ ಮೇಲೆ ಎತ್ತಿಕೊಂಡೇ ಈಜಿತು. ಕಣ್ಣೀರು ತೋರಲಾರದ ಆ ತಾಯಿಗೆ ಈಜುವುದೇ ಅಳುವುದಾಗಿತ್ತು ಎಂದು ನಂಬಿದ್ದೇನೆ.

ಕಣ್ಣೀರು ಕಾಣದ ಕಡೆ ದುಃಖವನ್ನು ತೋರಿಸುವುದು ಹೇಗೆ? ಈ ಪ್ರಶ್ನೆಯನ್ನು ನಮ್ಮ ತುಮಕೂರು ಜಿಲ್ಲೆಯವರು ಕೆರೆಯ ತಳದಲ್ಲಲ್ಲ, ರಂಗದ ಮೇಲೆ ಎದುರಿಸಿದ್ದಾರೆ. 1884ರಲ್ಲಿ ಗುಬ್ಬಿಯಲ್ಲಿ ಶ್ರೀ ಚನ್ನಬಸವೇಶ್ವರ ನಾಟಕ ಸಂಘ ಹುಟ್ಟಿತು. ಮುಂದೆ ವೀರಣ್ಣನವರ ಕೈಯಲ್ಲಿ ಅದು ನಾಡೆಲ್ಲ ಬಲ್ಲ ಗುಬ್ಬಿ ಕಂಪನಿಯಾಯಿತು. ಮೈಕಿಲ್ಲದ ಕಾಲದ ಕಂಪನಿ ನಾಟಕವನ್ನು ನೆನೆಸಿಕೊಳ್ಳಿ. ಕೊನೆಯ ಸಾಲಿನಲ್ಲಿ ನೆಲದ ಮೇಲೆ ಕೂತ ರೈತನಿಗೆ ಹರಿಶ್ಚಂದ್ರನ ಮಡದಿ ಚಂದ್ರಮತಿಯ ಕಣ್ಣಂಚಿನ ಹನಿ ಎಲ್ಲಿ ಕಾಣಬೇಕು? ಅವಳ ಮಗ ಲೋಹಿತಾಶ್ವ ಸತ್ತದ್ದು ರೈತನಿಗೆ ತಟ್ಟಬೇಕಾದರೆ ನಟಿಯ ಹೆಗಲು ಕುಸಿಯಬೇಕು, ಕಾಲು ಸೋಲಬೇಕು, ಏರಿದ ದನಿ ಅರ್ಧದಲ್ಲಿ ಸೀಳಬೇಕು. ಭರತ ತನ್ನ ನಾಟ್ಯಶಾಸ್ತ್ರದಲ್ಲಿ ಎಂಟು ಸಾತ್ತ್ವಿಕ ಭಾವಗಳನ್ನು ಹೇಳುತ್ತಾನೆ: ಮರಗಟ್ಟುವುದು, ಬೆವರುವುದು, ರೋಮಾಂಚ, ದನಿ ಒಡೆಯುವುದು, ನಡುಗುವುದು, ಬಣ್ಣಗೆಡುವುದು, ಕಣ್ಣೀರು, ಮೂರ್ಛೆ. ಎಂಟರಲ್ಲಿ ಕಣ್ಣೀರು ಒಂದೇ ಒಂದು. ಮನಸ್ಸು ಭಾವದಲ್ಲಿ ನೆಲೆಗೊಳ್ಳದೆ ಇವು ಮೈಯಲ್ಲಿ ಮೂಡುವುದಿಲ್ಲ ಎಂಬುದೂ ಅವನದೇ ಮಾತು. ಬಣ್ಣಗೆಡುವುದನ್ನು ಆ ಪಟ್ಟಿಯಲ್ಲಿ ಕಂಡಾಗ ನನ್ನ ಕೆರೆಯ ಜನ ಅಷ್ಟೇನೂ ಪರಕೀಯರಲ್ಲ ಅನ್ನಿಸಿತು.

ದುಃಖದ ಗುರುತನ್ನು ಮೈಮೇಲೆ ಹೊರಿಸುವ ಪದ್ಧತಿ ನಮ್ಮಲ್ಲೂ ಇತ್ತು, ಇನ್ನೂ ಇದೆ. ಗಂಡ ಸತ್ತವಳ ಬಳೆ ಒಡೆದು, ಕುಂಕುಮ ಅಳಿಸಿ, ಕೆಲವು ಮನೆಗಳಲ್ಲಿ ತಲೆ ಬೋಳಿಸಿ ಮೂಲೆಗೆ ಕೂರಿಸಿದೆವು. ಅದು ಅವಳ ದುಃಖ ಹೇಳಿದ ಮಾತಲ್ಲ, ಊರು ವಿಧಿಸಿದ ಶಿಕ್ಷೆ. ಕೆರೆಯ ಜನರ ಪಟ್ಟೆ ಒಳಗಿನಿಂದ ತಾನಾಗಿ ಬರುವಂಥದ್ದು. ಅದನ್ನು ಬೇರೆಯವರು ಬಳಿಯಲಾರರು, ಒರೆಸಲೂ ಆರರು.

ಕುಣಿಗಲ್ ತಾಲ್ಲೂಕಿನಲ್ಲೇ ಶಿಂಷಾ ನದಿಗೆ ಕಟ್ಟಿದ ಮಾರ್ಕೋನಹಳ್ಳಿ ಜಲಾಶಯದಲ್ಲಿ ಸೈಫನ್ ಇದೆ. ನೀರು ಗೊತ್ತಾದ ಮಟ್ಟ ಮುಟ್ಟಿದರೆ ಯಾರೂ ಗೇಟು ಎತ್ತಬೇಕಿಲ್ಲ, ಅದೇ ನೀರೆಳೆದು ಹೊರಗೆ ಚೆಲ್ಲುತ್ತದೆ. ಮೈಯೂ ಹಾಗೇ, ನಮ್ಮ ಅಪ್ಪಣೆಗೆ ಕಾಯುವುದಿಲ್ಲ. ಹಾಗೆ ಚೆಲ್ಲಲು ದಾರಿ ಸಿಗಲಿ ಬಿಡಲಿ, ಗುಂಡಿಗೆಯಂತೂ ಏಟು ತಿನ್ನುತ್ತದೆ. ತೀರಾ ಹತ್ತಿರದವರ ಸಾವಿನ ಆಘಾತದಲ್ಲಿ ಕೆಲವರ ಗುಂಡಿಗೆಯ ಎಡ ಕೆಳಕೋಣೆ ತುದಿಯಲ್ಲಿ ಊದಿಕೊಂಡು, ಕತ್ತು ಕಿರಿದಾಗಿ, ಮಡಕೆಯ ಆಕಾರ ತಾಳುತ್ತದೆ. 1990ರ ಸುಮಾರಿಗೆ ಇದನ್ನು ಗುರುತಿಸಿದ ಜಪಾನಿನ ವೈದ್ಯರು ತಮ್ಮ ಕಡಲಲ್ಲಿ ಆಕ್ಟೋಪಸ್ ಹಿಡಿಯಲು ಇಳಿಬಿಡುವ ಮಡಕೆಯ ಹೆಸರನ್ನೇ ಅದಕ್ಕೆ ಇಟ್ಟರು. ಬಹಳಷ್ಟು ಜನರಲ್ಲಿ ಕೆಲವು ವಾರಗಳಲ್ಲಿ ಗುಂಡಿಗೆ ಮೊದಲಿನ ಆಕಾರಕ್ಕೆ ಮರಳುತ್ತದೆ. ದುಃಖಕ್ಕೆ ಆಕಾರವಿದೆ, ಅದು ಯಂತ್ರದ ಪರದೆಯ ಮೇಲೆ ಕಾಣುತ್ತದೆ ಎಂದು ಓದಿದ ದಿನ ನನ್ನ ಬೆರಗು ಇಳಿಯಲೇ ಇಲ್ಲ.

ದುಃಖ ಮೈಯನ್ನು ಹೇಗೆ ಹಿಡಿಯುತ್ತದೆಂದು ಬಲ್ಲವರೊಬ್ಬರು ನಮ್ಮ ಜಿಲ್ಲೆಯಲ್ಲೇ ಇದ್ದರು. 2019ರ ಜನವರಿ 21ರಂದು ತುಮಕೂರಿನಲ್ಲಿ ಸಿದ್ಧಗಂಗಾ ಮಠದ ಶಿವಕುಮಾರ ಸ್ವಾಮೀಜಿ 111ರ ವಯಸ್ಸಿನಲ್ಲಿ ಲಿಂಗೈಕ್ಯರಾದರು. ಮಠದ ಮಕ್ಕಳ ಊಟ ಮುಗಿದ ಮೇಲೆಯೇ ಸುದ್ದಿ ಹೊರಬೀಳಲಿ ಎಂಬುದು ಅವರ ಇಚ್ಛೆಯಾಗಿತ್ತೆಂದು ಆಗ ಎಲ್ಲರೂ ಹೇಳಿಕೊಂಡರು. ಸಾವಿರಾರು ಮಕ್ಕಳಿಗೆ ದಿನವೂ ಅನ್ನ ನೀಡಿದ ಜೀವಕ್ಕೆ ಗೊತ್ತಿತ್ತು: ದುಃಖ ಮೊದಲು ಮುಟ್ಟುವುದು ಕಣ್ಣನ್ನಲ್ಲ, ಗಂಟಲನ್ನು. ಸುದ್ದಿ ತಿಳಿದ ಮಗುವಿಗೆ ತುತ್ತು ಇಳಿಯುವುದಿಲ್ಲ. ಮೈಯ ಭಾಷೆಯನ್ನು ಇಷ್ಟು ಆಳವಾಗಿ ಓದಿದ ಇನ್ನೊಂದು ನಡೆಯನ್ನು ನಾನು ಕಂಡಿಲ್ಲ. ಅಂತಿಮ ದರ್ಶನಕ್ಕೆ ಲಕ್ಷಾಂತರ ಜನ ಸಾಲುಗಟ್ಟಿದರು, ದಾಸೋಹ ನಿಲ್ಲಲಿಲ್ಲ.

ನಮ್ಮ ಕಡೆ ಸಾವಾದ ಮನೆಯಲ್ಲಿ ಒಲೆ ಹಚ್ಚುವುದಿಲ್ಲ. ನೆಂಟರೋ ಅಕ್ಕಪಕ್ಕದವರೋ ಅನ್ನ ಸಾರು ತರುತ್ತಾರೆ. ಆ ರೂಢಿಯನ್ನು ದಯವಿಟ್ಟು ಬಿಡಬೇಡಿ. ಹೋದಾಗ "ಅಳಬೇಡ, ಗಟ್ಟಿಯಾಗು" ಎಂದೂ ಹೇಳಬೇಡಿ. ಪಕ್ಕದಲ್ಲಿ ಕೂತಿರಿ, ಅವರು ಕೇಳಿದಾಗ ಬಡಿಸಿ.