ಬೇಟೆಯ ಪರವಾನಗಿ ಮತ್ತು ಶ್ರಾವಕನ ಸಹಿ

ಸಪ್ತವ್ಯಸನಗಳಲ್ಲಿ ಬೇಟೆಯೂ ಒಂದೆಂಬುದು ನಮ್ಮ ಮನೆಗಳ ಮಕ್ಕಳಿಗೂ ತಿಳಿದ ವಿಷಯ. ಆದುದರಿಂದ ಶ್ರಾವಕನು ಬೇಟೆಯಾಡಬಹುದೇ ಎಂಬ ಪ್ರಶ್ನೆಯನ್ನು ಇಲ್ಲಿ ಎತ್ತಬೇಕಾದ ಅಗತ್ಯವೇ ಇಲ್ಲ. ವಿಚಾರಣೀಯವಾದ ಪ್ರಶ್ನೆ ಬೇರೆಯದು. ಬಂದೂಕನ್ನು ಮುಟ್ಟದವನು, ಕಾಡಿಗೆ ಕಾಲಿಡದವನು, ಬೇಟೆಯ ಅನುಮತಿಯನ್ನು ಬೇಡುವ ಒಂದು ಅರ್ಜಿಗೆ ಕೇವಲ ಸಹಿ ಮಾಡಿದರೆ ಅವನಿಗೆ ಹಿಂಸೆಯ ದೋಷ ತಗಲುತ್ತದೆಯೇ? ತಗಲುವುದಾದರೆ ಎಷ್ಟು? ಸಹಿ ಮಾಡದೆ ಕೈಕಟ್ಟಿ ಕುಳಿತವನು ನಿರ್ದೋಷಿಯೇ?

ಒಂದು ಸಂದರ್ಭವನ್ನು ಕಲ್ಪಿಸಿಕೊಳ್ಳೋಣ. ಹೊಳಲ್ಕೆರೆ ಅಥವಾ ಹೊಸದುರ್ಗದ ಕಡೆಯ ಒಂದು ಹಳ್ಳಿ. ಅಲ್ಲಿ ಬಸದಿಯೊಂದರ ಟ್ರಸ್ಟಿಗೆ ಹಿಂದಿನ ಕಾಲದ ದಾನಿಗಳು ಪೂಜಾದಿ ಕಾರ್ಯಗಳಿಗೆಂದು ಬಿಟ್ಟ ಆರೆಂಟು ಎಕರೆ ಜಮೀನಿದೆ. ಟ್ರಸ್ಟಿನವರೆಲ್ಲ ಪಟ್ಟಣದ ವ್ಯಾಪಾರಸ್ಥರು. ನೋಡಿಕೊಳ್ಳುವವರಿಲ್ಲದೆ ಜಮೀನು ಬೀಳುಬಿದ್ದು ಬಳ್ಳಾರಿ ಜಾಲಿಯೂ ಲಂಟಾನವೂ ದಟ್ಟವಾಗಿ ಬೆಳೆದಿವೆ. ಅದರೊಳಗೆ ಕಾಡುಹಂದಿಗಳು ಬೀಡುಬಿಟ್ಟು, ರಾತ್ರಿಯಾದರೆ ಸುತ್ತಲಿನ ಮೆಕ್ಕೆಜೋಳ, ಶೇಂಗಾ ಹೊಲಗಳಿಗೆ ನುಗ್ಗುತ್ತವೆ. ಬೇಸತ್ತ ಊರವರು ಹಂದಿಗಳನ್ನು ಹೊಡೆಯಲು ಅನುಮತಿ ಬೇಡಿ ಅರಣ್ಯ ಇಲಾಖೆಗೆ ಸಾಮೂಹಿಕ ಅರ್ಜಿಯೊಂದನ್ನು ಬರೆಸಿ, ನೆರೆಯ ಹಿಡುವಳಿದಾರರೆಂದು ಟ್ರಸ್ಟಿನ ಅಧ್ಯಕ್ಷರ ಬಳಿಗೂ ತರುತ್ತಾರೆ. "ಸಾಹುಕಾರ್ರೆ, ನೀವೇನೂ ಗುಂಡು ಹೊಡೆಯೋದು ಬೇಡ. ನಿಮ್ಮದೊಂದು ರುಜು ಅಷ್ಟೆ" ಎನ್ನುತ್ತಾರೆ. ಅಧ್ಯಕ್ಷರು ಏನು ಮಾಡಬೇಕು?

ಉತ್ತರವನ್ನು ಹುಡುಕುವ ಮೊದಲು ಈ ಪರವಾನಗಿ ಎಂಬುದರ ಹಿನ್ನೆಲೆಯನ್ನು ಸ್ವಲ್ಪ ತಿಳಿಯಬೇಕು. ಮೈಸೂರು ಸಂಸ್ಥಾನದಲ್ಲಿ 1901ರಷ್ಟು ಹಿಂದೆಯೇ ಬೇಟೆ ಮತ್ತು ಮೀನುಗಾರಿಕೆಯನ್ನು ನಿಯಂತ್ರಿಸುವ ರೆಗ್ಯುಲೇಷನ್ ಬಂದಿತ್ತು. ಚಿತ್ರದುರ್ಗದ ಸೀಮೆ ಆಗ ಹುಲಿ ಓಡಾಡುತ್ತಿದ್ದ ನಾಡು. ಬೇಟೆಗಾರ ಕೆನೆತ್ ಆಂಡರ್ಸನ್ ಅವರು 1954ರಲ್ಲಿ ಪ್ರಕಟಿಸಿದ ನರಭಕ್ಷಕಗಳ ಪುಸ್ತಕದಲ್ಲಿ ಹೊಸದುರ್ಗ-ಹೊಳಲ್ಕೆರೆಯ ಹುಲಿಗೇ ಒಂದು ಅಧ್ಯಾಯ ಮೀಸಲಾಗಿದೆ. ಸ್ವತಂತ್ರ ಭಾರತದ 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆಯೂ ಬೇಟೆಯನ್ನು ಮೊದಲಿಗೆ ಸಂಪೂರ್ಣವಾಗಿ ನಿಷೇಧಿಸಲಿಲ್ಲವೆಂಬುದು ಅನೇಕರಿಗೆ ತಿಳಿಯದು. ವಿಶೇಷ ಬೇಟೆ, ದೊಡ್ಡ ಬೇಟೆ, ಸಣ್ಣ ಬೇಟೆ ಎಂದು ಅದರಲ್ಲಿ ಲೈಸೆನ್ಸುಗಳ ವರ್ಗೀಕರಣವೇ ಇತ್ತು. 1991ರ ತಿದ್ದುಪಡಿಯು ಆ ಲೈಸೆನ್ಸುಗಳನ್ನೆಲ್ಲ ತೆಗೆದುಹಾಕಿತು. ಅದು ಜಾರಿಗೆ ಬಂದದ್ದು ಆ ವರ್ಷದ ಅಕ್ಟೋಬರ್ 2ರಂದು, ಗಾಂಧೀಜಯಂತಿಯ ದಿನ.

ಆ ಬಳಿಕ ಉಳಿದದ್ದು ಕಾಯಿದೆಯ 11ನೆಯ ಪ್ರಕರಣದ ಕಿರಿದಾದ ದಾರಿಯೊಂದೇ. ಹುಲಿ, ಚಿರತೆ, ಕರಡಿಗಳಂಥ ಮೊದಲನೆಯ ಅನುಸೂಚಿಯ ಪ್ರಾಣಿಗಳು ಮನುಷ್ಯನ ಜೀವಕ್ಕೆ ಅಪಾಯಕಾರಿಯಾದಾಗ, ಅಥವಾ ಗುಣವಾಗದಷ್ಟು ರೋಗಗ್ರಸ್ತವೋ ಅಂಗವಿಕಲವೋ ಆದಾಗ ಮಾತ್ರ ಮುಖ್ಯ ವನ್ಯಜೀವಿ ಪರಿಪಾಲಕರು ಅನುಮತಿ ಕೊಡಬಹುದು. ಕಾಡುಹಂದಿ 2022ರ ತಿದ್ದುಪಡಿಯವರೆಗೆ ಮೂರನೆಯ ಅನುಸೂಚಿಯಲ್ಲಿತ್ತು, ಈಗ ಎರಡನೆಯದರಲ್ಲಿದೆ. ಅಂಥ ಪ್ರಾಣಿಗಳ ವಿಷಯದಲ್ಲಿ ನಿಂತ ಬೆಳೆಗೆ ಅಪಾಯವೆಂಬುದೂ ಸಾಕಾದ ಕಾರಣ. ಅಧಿಕಾರಿಯು ಕಾರಣಗಳನ್ನು ನಮೂದಿಸಿ ಲಿಖಿತವಾಗಿ ಆದೇಶಿಸಬೇಕು. ಆತ್ಮರಕ್ಷಣೆಗಾಗಿ ಸದ್ಭಾವದಿಂದ ಕೊಂದರೆ ಅಪರಾಧವಲ್ಲ. ಹಾಗೆ ಸತ್ತ ಪ್ರಾಣಿಯೂ ಸರ್ಕಾರದ ಸ್ವತ್ತು.

ಇಷ್ಟೊಂದು ಮಿತಿಗಳಿರುವಾಗ ಅರ್ಜಿಯಲ್ಲಿ ದೋಷವೇನು, ನಮ್ಮ ಅಣುವ್ರತಗಳೂ ಮಿತಿಯ ಧರ್ಮವೇ ಅಲ್ಲವೇ ಎಂದು ಕೆಲವರು ಕೇಳಬಹುದು. ಈ ವಾದವನ್ನು ಹಗುರವಾಗಿ ತಳ್ಳಿಹಾಕಲಾಗದು. ಮಿತಿಯ ತತ್ತ್ವ ತನ್ನ ತುದಿಯನ್ನು ಮುಟ್ಟಿರುವುದು ನಮ್ಮ ದೇಶದಲ್ಲಲ್ಲ, ಅಮೆರಿಕದಲ್ಲಿ. ನಮ್ಮ ಕುಟುಂಬಗಳ ಎಷ್ಟೋ ಮಕ್ಕಳು ಅಲ್ಲಿ ನೆಲೆಸಿರುವುದರಿಂದ ಅಲ್ಲಿಯ ಪದ್ಧತಿಯನ್ನು ನೋಡುವುದು ಅಪ್ರಸ್ತುತವಾಗದು. ಅಲ್ಲಿಯ ಪಶ್ಚಿಮದ ರಾಜ್ಯಗಳಲ್ಲಿ ಕಾಡುಕುರಿ, ಎಲ್ಕ್ ಜಿಂಕೆ ಮೊದಲಾದ ದೊಡ್ಡ ಪ್ರಾಣಿಗಳ ಬೇಟೆಗೆ ಪ್ರದೇಶಕ್ಕೆ ಇಷ್ಟೇ ಎಂದು ಪರವಾನಗಿಗಳನ್ನು ನಿಗದಿಪಡಿಸಿ, ಅರ್ಜಿ ಕರೆದು, ಚೀಟಿ ಎತ್ತುತ್ತಾರೆ. ಸೋತವನಿಗೆ ಹಲವೆಡೆ ಒಂದು ಅಂಕ ಸಿಗುತ್ತದೆ. ಅಂಕಗಳು ಕೂಡಿದಂತೆ ಮುಂದಿನ ವರ್ಷಗಳಲ್ಲಿ ಅವಕಾಶ ಹೆಚ್ಚುತ್ತದೆ. ಬಯಸಿದ ಪರವಾನಗಿಗಾಗಿ ಹತ್ತಿಪ್ಪತ್ತು ವರ್ಷ ಕಾಯುವವರೂ ಉಂಟು.

ಇಪ್ಪತ್ತು ವರ್ಷ ಅರ್ಜಿ ಹಾಕಿ, ಒಮ್ಮೆಯೂ ಚೀಟಿ ಬಾರದೆ, ಒಂದು ಪ್ರಾಣಿಯನ್ನೂ ಕೊಲ್ಲದೆ ಸತ್ತ ಮನುಷ್ಯನೊಬ್ಬನನ್ನು ನೆನೆಯಿರಿ. ಲೋಕದ ಲೆಕ್ಕದಲ್ಲಿ ಅವನು ಅಹಿಂಸಕ. ನಮ್ಮ ಆಗಮದ ಲೆಕ್ಕ ಹಾಗಿಲ್ಲ. ತಂದುಲಮತ್ಸ್ಯದ ಕಥೆಯನ್ನು ಸ್ವಾಧ್ಯಾಯದಲ್ಲಿ ಕೇಳಿದವರಿಗೆ ಇದು ಹೊಸದಲ್ಲ. ಸ್ವಯಂಭೂರಮಣ ಸಮುದ್ರದ ಮಹಾಮತ್ಸ್ಯದ ಕಿವಿಯಲ್ಲಿ ಅಕ್ಕಿಕಾಳಿನಷ್ಟು ಪುಟ್ಟ ಮೀನೊಂದು ಇರುತ್ತದೆ. ದೊಡ್ಡ ಮೀನು ಬಾಯಿ ತೆರೆದು ಮಲಗಿದಾಗ ಎಷ್ಟೋ ಜಲಚರಗಳು ಒಳಹೊಕ್ಕು ಹೊರಗೆ ಬರುವುದನ್ನು ಕಂಡು, ನನಗೆ ಈ ದೇಹವಿದ್ದಿದ್ದರೆ ಒಂದನ್ನೂ ಬಿಡುತ್ತಿರಲಿಲ್ಲ ಎಂದು ಅದು ಹಲುಬುತ್ತದೆ. ಏನನ್ನೂ ಕೊಲ್ಲಲಾಗದ ಆ ಕಿರುಮೀನು ಸೇರುವುದೂ ಏಳನೆಯ ನರಕವನ್ನೇ. ಸಮಂತಭದ್ರಾಚಾರ್ಯರು ರತ್ನಕರಂಡಕದಲ್ಲಿ ಅನರ್ಥದಂಡಗಳಲ್ಲಿ ಅಪಧ್ಯಾನವನ್ನು ಎಣಿಸಿರುವುದು ಇಂಥ ಭಾವವನ್ನು ಕುರಿತೇ. ಅಂಕ ಕೂಡಿಡುವ ಪದ್ಧತಿಯೆಂದರೆ ವರ್ಷಗಟ್ಟಲೆ ಅಪಧ್ಯಾನವನ್ನು ಕೂಡಿಡುವ ಪದ್ಧತಿಯೇ ಎನ್ನಬೇಕಾಗುತ್ತದೆ.

ಮಿತಿಯ ವಾದಕ್ಕೆ ಉತ್ತರ ಮೃಗಸೇನ ಧೀವರನ ಕಥೆಯಲ್ಲಿದೆ. ಮೀನು ಹಿಡಿಯುವುದನ್ನು ಬಿಡಲಾರದ ಆ ಬೆಸ್ತನಿಗೆ ಮುನಿಗಳು, ಬಲೆಗೆ ಮೊದಲು ಬಿದ್ದ ಮೀನನ್ನು ಕೊಲ್ಲದಿರು ಎಂಬ ಅತಿ ಸಣ್ಣ ವ್ರತವನ್ನು ಕೊಟ್ಟರು. ಅವನು ಮೊದಲ ಮೀನಿಗೆ ಗುರುತು ಕಟ್ಟಿ ಬಿಟ್ಟನು. ಅಂದು ಬಲೆ ಬೀಸಿದಾಗಲೆಲ್ಲ ಅದೇ ಮೀನು ಬಂದಿತು. ಐದು ಬಾರಿಯೂ ಅದನ್ನು ಬಿಟ್ಟು, ಬರಿಗೈಯಲ್ಲಿ ಮನೆಗೆ ಹೋಗಿ ಹೆಂಡತಿಯಿಂದ ಹೊರಗೆ ಹಾಕಿಸಿಕೊಂಡನು. ಇಲ್ಲಿಯೂ ಮಿತಿಯಿದೆ. ಆದರೆ ಇದು ಕೊಲ್ಲುವವನು ತಾನೇ ತನ್ನ ಕೈಗೆ ಹಾಕಿಕೊಂಡ ಮಿತಿ. ಅದಕ್ಕೆ ಬೆಲೆ ತೆತ್ತವನೂ ಅವನೇ. ಚೀಟಿ ಎತ್ತುವ ಪದ್ಧತಿಯ ಮಿತಿ ಹೊರಗಿನಿಂದ ಬಂದದ್ದು. ಅದು ಪ್ರಾಣಿಗಳ ಸಂಖ್ಯೆಯನ್ನು ಕಾಯುತ್ತದೆ, ಬೇಟೆಗಾರನ ಆಸೆಯನ್ನು ಮಾತ್ರ ಒಂದಿಷ್ಟೂ ಕುಗ್ಗಿಸುವುದಿಲ್ಲ. ಅಪರೂಪದ ವಸ್ತುವಾಗಿಸಿ ಆಸೆಯನ್ನು ಬೆಳೆಸುತ್ತದೆಂದರೂ ತಪ್ಪಲ್ಲ. ಸರ್ಕಾರದ ದೃಷ್ಟಿಯಿಂದ ಅದು ಒಳ್ಳೆಯ ಏರ್ಪಾಡೇ ಇರಬಹುದು. ವ್ರತವೆಂದು ಅದನ್ನು ಕರೆಯಲು ಬಾರದು.

ಅದೇ ಚೀಟಿಯನ್ನು ಅಹಿಂಸೆಗಾಗಿ ಬಳಸಿದವರೂ ಇದ್ದಾರೆ. 2018ರಲ್ಲಿ ವೈಯೋಮಿಂಗ್ ರಾಜ್ಯವು ಗ್ರಿಜ್ಲಿ ಕರಡಿಗಳ ಬೇಟೆಗೆ ಅವಕಾಶ ಕೊಟ್ಟಾಗ ಬೇಟೆಯನ್ನು ವಿರೋಧಿಸುವವರು, ಪರವಾನಗಿ ಬಂದರೆ ಕ್ಯಾಮರಾ ಹಿಡಿದು ಹೋಗುತ್ತೇವೆಂದು ಗುಂಪುಗುಂಪಾಗಿ ಅರ್ಜಿ ಹಾಕಿದರು. ಚಿಂಪಾಂಜಿಗಳ ಅಧ್ಯಯನಕ್ಕೆ ಹೆಸರಾದ ಜೇನ್ ಗುಡಾಲ್ ಅವರೂ ಅರ್ಜಿದಾರರಾಗಿದ್ದರು. ವನ್ಯಜೀವಿ ಛಾಯಾಗ್ರಾಹಕ ಥಾಮಸ್ ಮ್ಯಾಂಗೆಲ್ಸನ್ ಅವರಿಗೆ ನಿಜವಾಗಿಯೂ ಚೀಟಿ ಎದ್ದಿತು. ಅಷ್ಟರಲ್ಲಿ ನ್ಯಾಯಾಲಯವೇ ಆ ಬೇಟೆಯನ್ನು ತಡೆಯಿತು. 2025ರಲ್ಲಿ ಫ್ಲಾರಿಡಾದ ಕಪ್ಪುಕರಡಿ ಬೇಟೆಯ 172 ಪರವಾನಗಿಗಳಿಗೆ ಒಂದೂವರೆ ಲಕ್ಷಕ್ಕೂ ಹೆಚ್ಚು ಅರ್ಜಿಗಳು ಬಂದಾಗಲೂ ಕೊಲ್ಲದಿರಲೆಂದೇ ಅರ್ಜಿ ಹಾಕಿದವರು ಬಹಳ ಮಂದಿ ಇದ್ದರು. ಅಲ್ಲಿರುವ ಶ್ರಾವಕನೊಬ್ಬನು ಹೀಗೆ ಮಾಡಬಹುದೇ? ಕಾಗದ ಒಂದೇ, ಸಹಿಯೂ ಒಂದೇ, ಭಾವ ಮಾತ್ರ ಬೇರೆ. ಭಾವವೇ ಪ್ರಧಾನವೆನ್ನುವ ನಮಗೆ ಇದು ಒಪ್ಪಿತವಾಗಬೇಕು. ಆದರೆ ಅರ್ಜಿಯ ಶುಲ್ಕ ಬೇಟೆಯನ್ನು ಏರ್ಪಡಿಸುವ ಇಲಾಖೆಗೇ ಸೇರುತ್ತದೆ. ಬೇಟೆಯಾಡುವೆನೆಂದು ಎಲ್ಲಿಯಾದರೂ ಘೋಷಿಸಬೇಕಾಗಿ ಬಂದರೆ ಸತ್ಯಾಣುವ್ರತಕ್ಕೆ ಭಂಗ. ಅಂಥ ಘೋಷಣೆಯಿಲ್ಲದಿದ್ದರೆ ಗೃಹಸ್ಥನು ಅರ್ಜಿ ಹಾಕುವುದರಲ್ಲಿ ನನಗೆ ದೋಷ ಕಾಣದು. ಸಂತೆಯಲ್ಲಿ ಕಟುಕನಿಗೆ ಹೋಗುವ ಕುರಿಯನ್ನು ಹಣ ಕೊಟ್ಟು ಬಿಡಿಸಿ ತರುವ ನಮ್ಮ ಹಳೆಯ ರೂಢಿಗೂ ಇದೇ ಗುಣ, ಇದೇ ತೊಡಕು.

ಇನ್ನು ನಮ್ಮ ಹಳ್ಳಿಯ ಅರ್ಜಿಗೆ ಬರೋಣ. ಇದು ವಿರೋಧಿ ಹಿಂಸೆಯಲ್ಲವೇ, ಗೃಹಸ್ಥನಿಗೆ ಅದಕ್ಕೆ ಅವಕಾಶವಿದೆಯಲ್ಲ ಎಂಬ ಮಾತು ಮೊದಲು ಬರುತ್ತದೆ. ಎರಡು ಎಕರೆ ಮೆಕ್ಕೆಜೋಳವನ್ನೇ ನಂಬಿದ ರೈತನು ಹಾಗೆಂದರೆ ಅವನ ಮೇಲೆ ತೀರ್ಪು ಹೇಳಲು ನಾನು ಸಿದ್ಧನಿಲ್ಲ. ಅವನದು ಬದುಕಿನ ಪ್ರಶ್ನೆ. ಟ್ರಸ್ಟಿನದು ಹಾಗಲ್ಲ. ಆ ಬೀಳುಭೂಮಿಯ ಬೆಳೆಯಿಂದ ಯಾರ ಹೊಟ್ಟೆಯೂ ತುಂಬಬೇಕಾಗಿಲ್ಲ. ಮೇಲೆ ಬಿದ್ದ ಪ್ರಾಣಿಯನ್ನು ತಡೆಯುವುದು ವಿರೋಧಿ. ಕುಳಿತು ಒಕ್ಕಣೆ ಬರೆದು, ಬಂದೂಕಿನವನನ್ನು ಗೊತ್ತುಮಾಡಿ, ಆದೇಶಕ್ಕಾಗಿ ಕಾಯುವುದು ಟ್ರಸ್ಟಿನ ಮಟ್ಟಿಗೆ ಸಂಕಲ್ಪಿ ಹಿಂಸೆಯ ಸಮೀಪಕ್ಕೇ ಬರುತ್ತದೆ. ಕೃತ, ಕಾರಿತ, ಅನುಮೋದನಗಳಲ್ಲಿ ಸಹಿ ಎರಡನೆಯದಕ್ಕೆ ಸೇರುತ್ತದೆ. ಒಬ್ಬನು ಮಾಡಿದ ಹಿಂಸೆಯ ಫಲವನ್ನು ಅನೇಕರು ಹಂಚಿಕೊಳ್ಳುವುದುಂಟೆಂದು ಅಮೃತಚಂದ್ರಸೂರಿಗಳು ಪುರುಷಾರ್ಥಸಿದ್ಧ್ಯುಪಾಯದಲ್ಲಿ ಸ್ಪಷ್ಟಪಡಿಸಿದ್ದಾರೆ. ಒಂದು ಕ್ರೂರಪ್ರಾಣಿಯನ್ನು ಕೊಂದರೆ ಹಲವು ಜೀವಗಳು ಉಳಿಯುತ್ತವೆಂಬ ನೆಪವನ್ನೂ ಅದೇ ಗ್ರಂಥ ನಿರಾಕರಿಸುತ್ತದೆ. ಅಧ್ಯಕ್ಷರು ಸಹಿ ಮಾಡಬಾರದು.

ಆದರೆ ಇಷ್ಟಕ್ಕೇ ನಿಂತು ಎಲೆಯಡಿಕೆ ಕೊಟ್ಟು ಊರವರನ್ನು ಕಳುಹಿಸಿದರೆ ಏನಾಗುತ್ತದೆ? ಅನುಮತಿ ದೊರೆಯದ ರೈತರಲ್ಲಿ ಕೆಲವರು ಬೇಲಿಯ ಸಂದಿನಲ್ಲಿ ಉರುಳು ಹಾಕುತ್ತಾರೆ, ಸಿಡಿಮದ್ದು ಇಡುತ್ತಾರೆ, ಕಳ್ಳತನದಿಂದ ಬೇಲಿಗೆ ವಿದ್ಯುತ್ ಹಾಯಿಸುತ್ತಾರೆ. ಉರುಳಿಗೆ ಹಂದಿಯೇ ಬೀಳಬೇಕೆಂದಿಲ್ಲ. 2015ರಲ್ಲಿ ವನ್ಯಜೀವಿಧಾಮವಾದ ಜೋಗಿಮಟ್ಟಿಯ ಸುತ್ತಲಿನ ಸೀಮೆಯಲ್ಲಿ ಕರಡಿ ಚಿರತೆಗಳೂ ಇವೆ, ಮೇಯಲು ಹೋದ ದನವೂ ಇದೆ. ಒಂದು ಗುಂಡಿನ ಸಾವಿಗಿಂತ ಉರುಳಿನ ಸಾವು ಎಷ್ಟು ದೀರ್ಘವಾದದ್ದೆಂದು ವಿವರಿಸಬೇಕಾಗಿಲ್ಲ.

ಹಂದಿಗಳಿಗೆ ಮನೆಮಾಡಿಕೊಟ್ಟವರಾದರೂ ಯಾರು? ಪ್ರಮತ್ತಯೋಗದಿಂದ ಪ್ರಾಣಕ್ಕೆ ಘಾತವಾಗುವುದೇ ಹಿಂಸೆಯೆಂದು ತತ್ತ್ವಾರ್ಥಸೂತ್ರ ಲಕ್ಷಣ ಹೇಳಿದೆ. ಜಮೀನನ್ನು ವರ್ಷಗಟ್ಟಲೆ ನೋಡದೆ ಬಿಟ್ಟದ್ದು ಪ್ರಮಾದವಲ್ಲದೆ ಮತ್ತೇನು? ತನ್ನ ಜಾಲಿಮೆಳೆಯಿಂದ ಹೊರಟ ಹಂದಿ ಬಡವನ ಹೊಲವನ್ನು ತಿಂದಾಗ, ನಾವು ಅಹಿಂಸಕರು ಎಂದು ಟ್ರಸ್ಟು ಹೇಳಿದರೆ ಅದರ ಅಹಿಂಸೆಯ ವೆಚ್ಚವನ್ನು ಆ ಬಡವನು ಭರಿಸಿದಂತಾಯಿತು. ಮೃಗಸೇನನು ತನ್ನ ವ್ರತಕ್ಕೆ ತಾನು ಉಪವಾಸವಿದ್ದನು, ನೆರೆಯವನನ್ನು ಉಪವಾಸ ಕೆಡವಲಿಲ್ಲ.

ಸಹಿ ಹಾಕದ ಟ್ರಸ್ಟು ಅದೇ ದಿನ ಹಣದ ಚೀಲವನ್ನು ಬಿಚ್ಚಬೇಕು. ಮೆಳೆಯನ್ನು ಒಂದೇ ಸಲಕ್ಕೆ ಬೆಂಕಿಯಿಡದೆ, ಮರಿಗಳಿರುವ ಕಾಲವನ್ನು ತಪ್ಪಿಸಿ, ಒಂದು ಬದಿಯಿಂದ ಕಡಿಸುತ್ತ ಪ್ರಾಣಿಗಳು ಗುಡ್ಡದ ಕಡೆಗೆ ಸರಿಯುವಂತೆ ಮಾಡಬಹುದು. ಅದರಲ್ಲಿಯೂ ಆರಂಭಿ ಹಿಂಸೆಯಿದೆ, ಇಲ್ಲವೆನ್ನಲಾಗದು. ನೆರೆಹೊಲಗಳಿಗೂ ಸೇರಿಸಿ ಕಾನೂನಿಗೆ ಒಪ್ಪುವ ಸೌರ ಬೇಲಿ ಹಾಕಿಸಬಹುದು. ಫಸಲಿನ ಎರಡು ಮೂರು ತಿಂಗಳು ಅಟ್ಟಣೆಯ ಮೇಲೆ ರಾತ್ರಿ ಕಾವಲಿಗೆ ಕೂಲಿ ಕೊಡಬಹುದು. ಬೆಳೆಹಾನಿಯ ಪರಿಹಾರಕ್ಕೆ ಇಲಾಖೆಗೆ ಸಲ್ಲಿಸಬೇಕಾದ ಕಾಗದಗಳನ್ನು ಓದುಬರಹವಿರುವ ನಮ್ಮ ಹುಡುಗರು ಬರೆದುಕೊಡಬಹುದು. ಆ ಅರ್ಜಿಗಳಿಗೆ ಬೇಕಾದರೆ ಅಧ್ಯಕ್ಷರು ಸಾಕ್ಷಿಯ ರುಜುವನ್ನು ಧಾರಾಳವಾಗಿ ಹಾಕಲಿ. ಪಂಚಕಲ್ಯಾಣಕ್ಕೆ ಲಕ್ಷಗಟ್ಟಲೆ ಕೂಡಿಸುವ ಸಮಾಜಕ್ಕೆ ಇದು ದೊಡ್ಡ ಮೊತ್ತವಲ್ಲ.

ಇದಕ್ಕಿಂತ ಕಠಿಣವಾದ ಪ್ರಸಂಗವೊಂದು ಉಳಿದಿದೆ. 2022ರಲ್ಲಿ ಕೇರಳ ಸರ್ಕಾರವು ಬೆಳೆ ಹಾಳುಮಾಡುವ ಕಾಡುಹಂದಿಗಳನ್ನು ಕೊಲ್ಲಿಸುವ ಆದೇಶದ ಅಧಿಕಾರವನ್ನು ಸ್ಥಳೀಯ ಸಂಸ್ಥೆಗಳ ಮುಖ್ಯಸ್ಥರಿಗೆ ಕೊಟ್ಟಿತು. ಕನ್ನಡಿಗರು ನೆಲೆಸಿರುವ ಕಾಸರಗೋಡಿನ ಪಂಚಾಯತಿಗಳೂ ಅದಕ್ಕೆ ಒಳಪಟ್ಟವು. ಅಂಥ ಪಂಚಾಯತಿಯೊಂದಕ್ಕೆ ಶ್ರಾವಕನೊಬ್ಬನು ಅಧ್ಯಕ್ಷನಾಗಿ, ರೈತರ ಅರ್ಜಿಗಳು ಅವನ ಮೇಜಿನ ಮೇಲೆ ಬಂದರೆ? ಅವನು ಅರ್ಜಿದಾರನಲ್ಲ, ಆದೇಶಿಸುವವನು. ಪದವಿಯನ್ನು ಒಪ್ಪಿಕೊಂಡ ಮೇಲೆ ಅವನ ಕೈ ಸ್ವಂತದ್ದಷ್ಟೇ ಅಲ್ಲ. ಹಾಗೆಂದು ಕರ್ಮಬಂಧ ಪದವಿಗೆ ಆಗುವುದಿಲ್ಲ, ಜೀವಕ್ಕೇ ಆಗುತ್ತದೆ. ರಾಜ್ಯವಾಳಿದ ಜೈನ ಅರಸರ, ದಂಡನಾಯಕರ ಉದಾಹರಣೆಗಳು ಇಲ್ಲಿ ಎಷ್ಟರಮಟ್ಟಿಗೆ ನೆರವಾದಾವು ಎಂಬುದನ್ನು ಶಾಸ್ತ್ರಜ್ಞರಾದ ವಿದ್ವಾಂಸರು ಮುಂದಿನ ಸಂಚಿಕೆಗಳಲ್ಲಿ ಬರೆದು ತಿಳಿಸಬೇಕೆಂದು ಕೋರುತ್ತೇನೆ.