ಮಯಸಭೆಯ ನೀರು

ನಮ್ಮ ಶಿರಗುಪ್ಪಿ ಕಡೆ ಆಟದಲ್ಲಿ ದುರ್ಯೋಧನ ಮಯಸಭೆಯ ಕೊಳಕ್ಕೆ ಬೀಳುವಾಗ ಜನ ಹೊಟ್ಟೆ ಹಿಡಿದುಕೊಂಡು ನಗುತ್ತಾರೆ. ಸಣ್ಣವನಿದ್ದಾಗ ನಾನೂ ನಕ್ಕಿದ್ದೆ. ಎಲ್ಲರ ಹಿಂದೆ, ನಮ್ಮ ಕೇರಿಯವರು ಕೂಡುವ ಕತ್ತಲಲ್ಲಿ, ಆಯಿಯ ತೊಡೆಯ ಮೇಲೆ ಕೂತಿದ್ದೆ. ಆಯಿ ಮಾತ್ರ ನಗಲಿಲ್ಲ. "ನೀರಿನ ಸಲುವಾಗಿ ಮಾನ ಹೋದವರನ್ನ ನೋಡಿ ನಗಬಾರದೋ ಯಪ್ಪಾ" ಅಂದಳು. ಊರೆಲ್ಲ ಕೆಟ್ಟವನೆಂದು ಬೈಯುವ ದುರ್ಯೋಧನನಿಗಾಗಿ ಈ ಮುದುಕಿ ಯಾಕೆ ಮರುಗಿದಳು? ಆಗ ತಿಳಿಯಲಿಲ್ಲ.

ಕಾಲೇಜಿಗೆ ಹೋದ ಮೇಲೆ ಭಾರತ ಓದಿದೆ. ಆ ಸಭೆಯಲ್ಲಿ ನೆಲ ನೀರಿನಂತೆ, ನೀರು ನೆಲದಂತೆ ಕಾಣುತ್ತದೆ. ದುರ್ಯೋಧನ ಒಣನೆಲದಲ್ಲಿ ಬಟ್ಟೆ ಎತ್ತಿ ನಡೆಯುತ್ತಾನೆ, ನೆಲವೆಂದು ತಿಳಿದು ಕೊಳಕ್ಕೆ ಬೀಳುತ್ತಾನೆ, ಇಲ್ಲದ ಬಾಗಿಲಿಗೆ ಹಣೆ ಬಡಿಸಿಕೊಳ್ಳುತ್ತಾನೆ. ವ್ಯಾಸರ ಕಥನದಲ್ಲಿ ಆ ಕ್ಷಣಕ್ಕೆ ನಕ್ಕವರು ಭೀಮ, ಅರ್ಜುನ, ನಕುಲ ಸಹದೇವರು, ಮನೆಯ ಆಳುಗಳು. ದ್ರೌಪದಿ ನಕ್ಕ ಮಾತು ಬರುವುದು ಆಮೇಲೆ, ದುರ್ಯೋಧನ ಅಪ್ಪನ ಮುಂದೆ ದೂರು ಹೇಳುವಾಗ. ಆದರೆ ನಮ್ಮ ಜನರ ಬಾಯಲ್ಲಿ ಬೈಸಿಕೊಳ್ಳುವವಳು ಅವಳೊಬ್ಬಳೇ.

ಈ ಸಭೆ ಕಟ್ಟಿದವನು ಯಾರು? ಮಯ, ಒಬ್ಬ ದಾನವ. ಖಾಂಡವ ವನವನ್ನು ಸುಟ್ಟಾಗ ಅದರಲ್ಲಿದ್ದ ಜೀವಗಳೆಲ್ಲ ಬೆಂದವು. ಉಳಿದದ್ದು ಆರೇ ಜೀವ: ಅಶ್ವಸೇನನೆಂಬ ನಾಗ, ನಾಲ್ಕು ಹಕ್ಕಿಮರಿಗಳು, ಮತ್ತು ಈ ಮಯ. ಜೀವ ಉಳಿಸಿದ ಋಣಕ್ಕೆ ಅವನು 14 ತಿಂಗಳು ದುಡಿದು ಸಭೆ ಕಟ್ಟಿಕೊಟ್ಟ. ಕಟ್ಟಿದವನಿಗೆ ಅಲ್ಲಿ ಕೂಡಲು ಜಾಗವಿರಲಿಲ್ಲ. ಗೆಳೆಯರೆ, ಇದು ನಮಗೆ ಹೊಸ ಕಥೆಯೇ?

ಆಯಿ ಯಾಕೆ ನಗಲಿಲ್ಲವೆಂಬುದು ಈಗ ತಿಳಿಯುತ್ತದೆ. ಅವಳ ಮಯಸಭೆ ಸ್ಫಟಿಕದ್ದಲ್ಲ, ಕರಿಕಲ್ಲಿನ ಬಾವಿ. ಅವಳು ಹರೆಯದಲ್ಲಿದ್ದಾಗ ಕೊಡ ಕೆಳಗಿಟ್ಟು ದೂರ ನಿಲ್ಲುತ್ತಿದ್ದಳು. ಮೇಲಿನವರು ಯಾರಾದರೂ ಬಂದು, ಮನಸ್ಸಾದರೆ, ಎತ್ತರದಿಂದ ಸುರಿಯುತ್ತಿದ್ದರು. ಬಾವಿ ತುಂಬ ನೀರು, ಕಣ್ಣಿಗೆ ಕಾಣುವ ನೀರು. ಆದರೆ ಅವಳ ಪಾಲಿಗೆ ಅದು ನೀರಲ್ಲ. ಇನ್ನೊಬ್ಬರ ಕೈ ದಾಟಿ ಬಂದಾಗಷ್ಟೇ ಅದು ನೀರಾಗುತ್ತಿತ್ತು. ಯಾವ ಮಯನಿಗೆ ಸಾಧ್ಯವಿತ್ತು ಇಂಥ ಮಾಯೆ? ದುರ್ಯೋಧನ ಒಂದು ದಿನ ಬಿದ್ದ. ಅದಕ್ಕೆ ಹದಿನೆಂಟು ಅಕ್ಷೋಹಿಣಿ ಸೈನ್ಯ ಕೂಡಿತು. ಆಯಿ ದಿನಾ ಬಿದ್ದಳು. ಅವಳಿಗಾಗಿ ಒಬ್ಬನೂ ಬರಲಿಲ್ಲ.

ಅದೆಲ್ಲ ಹಳೆಯ ಮಾತು ಅನ್ನುವವರಿದ್ದಾರೆ. 2019ರ ಆಗಸ್ಟಿನಲ್ಲಿ ಕೃಷ್ಣೆ ಏರಿ ನಮ್ಮ ಸೀಮೆಗೆ ನುಗ್ಗಿದಳು. ರಸ್ತೆ ಯಾವುದು, ಕಬ್ಬಿನ ಗದ್ದೆ ಯಾವುದು ಗೊತ್ತಾಗದಂತಾಯಿತು. ಗಂಜಿ ಕೇಂದ್ರದಲ್ಲಿ ಮೊದಲ ರಾತ್ರಿ ಎಲ್ಲ ಜಾತಿಯವರೂ ಒಂದೇ ಡ್ರಮ್ಮಿನ ನೀರು ಕುಡಿದೆವು. ನನಗೆ ಒಳಗೊಳಗೇ ಸಂತೋಷ. ಮೂರನೆಯ ದಿನ ಮಳೆ ಸಣ್ಣಗಾಯಿತು, ಜೀವಭಯ ಇಳಿಯಿತು. ಯಾರೋ ಇನ್ನೊಂದು ಡ್ರಮ್ಮು ತಂದು ಬಾಗಿಲ ಹತ್ತಿರ ಇಟ್ಟರು. ಯಾರೂ ಬಾಯಿಬಿಟ್ಟು ಏನೂ ಅನ್ನಲಿಲ್ಲ. ಸಂಜೆಯ ಹೊತ್ತಿಗೆ ಯಾವುದು ಯಾರದೆಂದು ಎಲ್ಲರಿಗೂ ಗೊತ್ತಿತ್ತು. ಎರಡಕ್ಕೂ ನೀರು ತುಂಬಿದ್ದು ಒಂದೇ ಟ್ಯಾಂಕರು. ನಮ್ಮ ಮನೆಯಲ್ಲಿ ಮೊದಲ ಸಲ ಕಾಲೇಜಿನ ಮೆಟ್ಟಿಲು ಹತ್ತಿದ ನಾನು, ಕವಿತೆ ಬರೆಯುವ ನಾನು, ಸುಮ್ಮನೆ ಹೋಗಿ ಎರಡನೆಯ ಡ್ರಮ್ಮಿಗೆ ಬಗ್ಗಿದೆ.

ಆ ರಾತ್ರಿ ನಿದ್ದೆ ಬರಲಿಲ್ಲ. ಎದ್ದು ಹೋಗಿ ಮೊದಲನೆಯ ಡ್ರಮ್ಮಿನಲ್ಲಿ ಉಗುಳಿ ಬರಬೇಕೆನಿಸಿತು. ಉಗುಳಲಿಲ್ಲ. ಆದರೆ ಆ ಆಸೆ ನನ್ನದೇ ಆಗಿತ್ತು. ಅವಮಾನವನ್ನು ಮನುಷ್ಯ ಏನು ಮಾಡಬೇಕು? ಇದು ನನ್ನ ಪ್ರಶ್ನೆ.

ದುರ್ಯೋಧನನ ಉತ್ತರ ನಮಗೆ ಗೊತ್ತು. ಅಪ್ಪನಿಗೆ ಹೇಳಿ ಇನ್ನೊಂದು ಸಭೆ ಕಟ್ಟಿಸಿದ, ಸಾವಿರ ಕಂಬ, ನೂರು ಬಾಗಿಲಿನದು. ಅಲ್ಲಿ ಪಗಡೆ ಹಾಸಿ, ದ್ರೌಪದಿಯ ಸೀರೆಗೆ ಕೈ ಹಾಕಿಸಿದ. ತಾನು ಬಿದ್ದ ಸಭೆಗೆ ಪ್ರತಿಯಾಗಿ ಇನ್ನೊಬ್ಬರು ಬೀಳುವ ಸಭೆ. ನಾವು ಮಾಡುವುದೂ ಅದನ್ನೇ ಅಲ್ಲವೇ? ಹೊಲದಲ್ಲಿ ಬೈಸಿಕೊಂಡವನು ಮನೆಗೆ ಬಂದು ಹೆಂಡತಿಯ ಮೇಲೆ ಕೈ ಎತ್ತುತ್ತಾನೆ. ನಮ್ಮೊಳಗೇ ಒಂದು ಕೇರಿಯವರು ಇನ್ನೊಂದು ಕೇರಿಯವರ ಕೈಯ ನೀರು ಮುಟ್ಟುವುದಿಲ್ಲ. ಇದನ್ನು ಹೇಳದೆ ಬಂಡಾಯ ಎನ್ನುವ ಮಾತಿಗೆ ಅರ್ಥವಿಲ್ಲ.

ಇನ್ನೊಂದು ಉತ್ತರವಿದೆ. 1925ರಲ್ಲಿ ನಮ್ಮ ನಿಪ್ಪಾಣಿಗೂ ಬಂದಿದ್ದ ಬಾಬಾಸಾಹೇಬರು 1927ರ ಮಾರ್ಚ್ 20ರಂದು ಸಾವಿರಾರು ಜನರೊಂದಿಗೆ ಮಹಾಡದ ಚೌದಾರ ಕೆರೆಗೆ ನಡೆದರು. ಸಾರ್ವಜನಿಕ ಕೆರೆ ಬಾವಿಗಳು ಎಲ್ಲರಿಗೂ ತೆರೆದಿರಬೇಕೆಂದು ಮುಂಬಯಿ ಶಾಸನಸಭೆ 1923ರಲ್ಲೇ ನಿರ್ಣಯಿಸಿತ್ತು. ಮರುವರ್ಷ ಮಹಾಡದ ಪುರಸಭೆಯೂ ಒಪ್ಪಿತ್ತು. ಕಾಗದದಲ್ಲಿ ನೀರಿತ್ತು, ಬಾಯಿಗೆ ಇರಲಿಲ್ಲ. ಬಾಬಾಸಾಹೇಬರು ಬೊಗಸೆಯಲ್ಲಿ ಎತ್ತಿ ಕುಡಿದರು. ಕೆರೆ ಒಡೆಯಲಿಲ್ಲ, ಉಗುಳಲಿಲ್ಲ, ಬೇರೆ ಕೆರೆ ಕೇಳಲಿಲ್ಲ. ನೀರನ್ನು ನೀರೆಂದು ತೋರಿಸಿದರು, ಅಷ್ಟೇ. ಅಷ್ಟಕ್ಕೇ ಸವರ್ಣರು ಬಡಿಗೆ ಹಿಡಿದು ಬಂದು ಜನರ ತಲೆ ಒಡೆದರು. ಆಮೇಲೆ ಸೆಗಣಿ, ಗಂಜಲ, ಹಾಲು, ಮೊಸರು ಸುರಿದು ಕೆರೆಯನ್ನು 'ಶುದ್ಧ' ಮಾಡಿದರು. ಆ ಕೆರೆಯ ಹಕ್ಕು ಹೈಕೋರ್ಟಿನಲ್ಲಿ ಗೆಲ್ಲಲು 1937ರವರೆಗೆ ಹತ್ತು ವರ್ಷ ಬೇಕಾಯಿತು.

ಸುಳ್ಳಿನ ಸಭೆಯನ್ನು ಇನ್ನೊಂದು ಸುಳ್ಳಿನ ಸಭೆ ಕಟ್ಟಿ ಸೋಲಿಸಲಾಗದು. ಅಲ್ಲಿ ನಿಂತು, ಎಲ್ಲರ ಕಣ್ಣೆದುರು, ಇದು ನೀರು ಎಂದು ಕುಡಿಯಬೇಕು. ಅದು ಉಗುಳುವುದಕ್ಕಿಂತ ಕಷ್ಟ. ಉಗುಳಲು ಕತ್ತಲಾದರೆ ಸಾಕು, ಕುಡಿಯಲು ಹಗಲು ಬೇಕು. ಪಕ್ಕದಲ್ಲಿ ಜನ ಬೇಕು.

ಹಳ್ಳಿಯ ಮಾಸ್ತರರೆ, ಅಕ್ಕೋರೆ, ನಾಳೆ ನಿಮ್ಮ ಶಾಲೆಯ ನೀರಿನ ಕೊಡದ ಹತ್ತಿರ ಅರ್ಧ ತಾಸು ನಿಂತು ನೋಡಿರಿ. ಯಾವ ಹುಡುಗ ತಾನೇ ಮುಚ್ಚಳ ತೆಗೆಯುತ್ತಾನೆ, ಯಾವ ಹುಡುಗಿ ಯಾರಾದರೂ ಹಾಕಲಿ ಎಂದು ಕಾಯುತ್ತಾಳೆ, ನೋಡಿರಿ. ಅಲ್ಲಿ ಮಯಸಭೆ ಕಂಡರೆ ನನಗೊಂದು ಕಾಗದ ಬರೆಯಿರಿ. ಬರುತ್ತೇನೆ. ಮೊದಲನೆಯ ಡ್ರಮ್ಮಿನ ನೀರನ್ನು ನಾನಿನ್ನೂ ಕುಡಿದಿಲ್ಲ.